ಕೇಳಿದವರು ಒಬ್ಬರು, ತೀರ್ಮಾನಿಸಿದವರು ಇನ್ನೊಬ್ಬರು: ಕೃಷ್ಣಾ ಜಿಲ್ಲೆಯ ಬಸ್ ಪ್ರಕರಣ

ಎಸಿ (ಉಪವಿಭಾಗಾಧಿಕಾರಿ) ಕೋರ್ಟು, ತಾಲ್ಲೂಕು ಕಚೇರಿ ಅಂತ ಓಡಾಡಿದವರಿಗೆ ಒಂದು ಮಾತು ಚೆನ್ನಾಗಿ ಗೊತ್ತು: "ರಿಮ್ಯಾಂಡ್ ಆಗಿದೆ." ಮೇಲಿನವರು ಆದೇಶ ರದ್ದು ಮಾಡಿ, ಮತ್ತೆ ವಿಚಾರಣೆ ಮಾಡಿ ಅಂತ ಕೆಳಗಿನವರಿಗೇ ಫೈಲು ವಾಪಸ್ ಕಳಿಸಿದ್ದಾರೆ ಎಂದರ್ಥ. ಗೆದ್ದೆವು ಅಂತ ಸಿಹಿ ಹಂಚುವುದೋ, ಮತ್ತೆ ಅದೇ ಬಾಗಿಲಿಗೆ ಹೋಗಬೇಕಲ್ಲ ಅಂತ ತಲೆ ಮೇಲೆ ಕೈ ಹೊತ್ತು ಕೂರುವುದೋ ತಿಳಿಯುವುದಿಲ್ಲ. ವಕೀಲರು ಮಾತ್ರ ಖುಷಿಯಾಗಿರುತ್ತಾರೆ.

ಈ ಫಜೀತಿಯ ಬಗ್ಗೆ ಯೋಚಿಸುವಾಗಲೆಲ್ಲ ನನಗೆ ನೆನಪಾಗುವುದು ಆಂಧ್ರದ ಕೃಷ್ಣಾ ಜಿಲ್ಲೆಯ ಬಸ್ ಮಾಲೀಕರ ಕಥೆ. ಅವರು 1958ರಲ್ಲಿ ಸುಪ್ರೀಂ ಕೋರ್ಟಿನಲ್ಲಿ ಗೆದ್ದರು. ಮತ್ತೆ ವಿಚಾರಣೆ ನಡೆಯಿತು. 1959ರಲ್ಲಿ ಅದೇ ಸುಪ್ರೀಂ ಕೋರ್ಟಿನಲ್ಲಿ ಸೋತರು. ಕೋರ್ಟಿಗೆ ಹೋದ ಗುಲ್ಲಪಲ್ಲಿ ನಾಗೇಶ್ವರ ರಾವ್ ಅವರ ಹೆಸರಿನಿಂದ, ಕಾನೂನು ಓದಿದವರ ಬಾಯಲ್ಲಿ ಇದು ಗುಲ್ಲಪಲ್ಲಿ ಪ್ರಕರಣ. ಮೊದಲ ತೀರ್ಪು ಪಠ್ಯಪುಸ್ತಕಗಳಲ್ಲೆಲ್ಲ ಇದೆ. ಎರಡನೆಯದನ್ನು ಓದುವವರು ಕಡಿಮೆ. ಎರಡನ್ನೂ ಅಕ್ಕಪಕ್ಕ ಇಟ್ಟು ಓದಿದರೆ, ಮರುವಿಚಾರಣೆ ಎಂಬುದು ಏನು ಕೊಡುತ್ತದೆ, ಏನು ಕೊಡುವುದಿಲ್ಲ ಅನ್ನುವುದು ಕಾಣುತ್ತದೆ.

ಬಸ್ಸುಗಳ ಕಥೆ

ಹೈದರಾಬಾದ್ ಸಂಸ್ಥಾನದಲ್ಲಿ ಸರ್ಕಾರಿ ಬಸ್ಸು ಹಳೆಯ ವಿಷಯ. 1932ರಲ್ಲೇ ನಿಜಾಮರ ರೈಲ್ವೆಯ ಕೆಳಗೆ 27 ಬಸ್ಸುಗಳಿಂದ ಶುರುವಾಗಿತ್ತು. ಕರಾವಳಿ ಆಂಧ್ರದ ಕಥೆ ಬೇರೆ. ಅದು ಮದ್ರಾಸ್ ಪ್ರಾಂತ್ಯದಲ್ಲಿತ್ತು. ವಿಜಯವಾಡದ ಸುತ್ತಮುತ್ತ ಓಡುತ್ತಿದ್ದದ್ದು ಖಾಸಗಿಯವರ ಬಸ್ಸು. 1956ರ ನವೆಂಬರ್ 1ರಂದು, ಅಂದರೆ ನಮ್ಮ ರಾಜ್ಯೋತ್ಸವದ ದಿನವೇ, ಎರಡೂ ಭಾಗ ಸೇರಿ ಆಂಧ್ರ ಪ್ರದೇಶವಾಯಿತು. ತೆಲಂಗಾಣದ ಕಡೆ ಸರ್ಕಾರಿ ಬಸ್ಸು, ಈ ಕಡೆ ಖಾಸಗಿ ಬಸ್ಸು. ಈ ಕಡೆಯದನ್ನೂ ತೆಗೆದುಕೊಳ್ಳಬೇಕು ಅಂತ ಸರ್ಕಾರ ಹೊರಟಿತು. ಮೊದಲ ಸರದಿ ಕೃಷ್ಣಾ ಜಿಲ್ಲೆಯದು.

ಅದಕ್ಕೆ ಕಾನೂನೂ ಸಿದ್ಧವಾಗಿತ್ತು. 1939ರ ಮೋಟಾರು ವಾಹನ ಕಾಯ್ದೆಗೆ 1956ರಲ್ಲಿ ಒಂದು ಹೊಸ ಅಧ್ಯಾಯ ಸೇರಿಸಿದ್ದರು. ಅದರ ಪ್ರಕಾರ ಸರ್ಕಾರಿ ಸಾರಿಗೆ ಸಂಸ್ಥೆ ಒಂದು ಯೋಜನೆ ಬರೆದು ಪ್ರಕಟಿಸಬೇಕು: ಇಂಥಿಂಥ ಮಾರ್ಗಗಳನ್ನು ನಾವೇ ಓಡಿಸುತ್ತೇವೆ ಅಂತ. ಅದರಿಂದ ಹೊಡೆತ ಬೀಳುವವರು 30 ದಿನದೊಳಗೆ ತಕರಾರು ಹಾಕಬಹುದು. ರಾಜ್ಯ ಸರ್ಕಾರ ತಕರಾರುದಾರರನ್ನೂ ಸಂಸ್ಥೆಯನ್ನೂ ಕರೆದು ಅಹವಾಲು ಕೇಳಿ, ಯೋಜನೆಗೆ ಒಪ್ಪಿಗೆ ಕೊಡಬಹುದು ಅಥವಾ ತಿದ್ದಬಹುದು. ಒಪ್ಪಿಗೆ ಸಿಕ್ಕರೆ ಆ ಮಾರ್ಗದ ಖಾಸಗಿ ಪರ್ಮಿಟ್‌ಗಳು ರದ್ದು.

ಪರಿಹಾರ ಎಷ್ಟು ಅಂದರೆ, ಪರ್ಮಿಟ್‌ನಲ್ಲಿ ಬಾಕಿ ಉಳಿದ ಪ್ರತಿ ತಿಂಗಳಿಗೆ 200 ರೂಪಾಯಿ. ಹತ್ತು ತಿಂಗಳು ಬಾಕಿ ಇದ್ದರೆ 2,000 ರೂಪಾಯಿ, ಅಷ್ಟೇ. ಬಸ್ಸು ನಿಮ್ಮ ಅಂಗಳದಲ್ಲೇ ನಿಂತಿರುತ್ತದೆ, ಓಡಿಸಲು ರಸ್ತೆ ಇರುವುದಿಲ್ಲ. ಹಾಗಾಗಿ ಆ ಅಹವಾಲಿನ ದಿನ ಮಾಲೀಕರಿಗೆ ಸುಮ್ನೆ ಒಂದು ಶಾಸ್ತ್ರ ಆಗಿರಲಿಲ್ಲ. ಅವರ ಕೈಲಿದ್ದ ಕೊನೆಯ ಅವಕಾಶ ಅದೇ.

ಮೊದಲ ವಿಚಾರಣೆ

1957ರ ನವೆಂಬರ್‌ನಲ್ಲಿ ಯೋಜನೆ ಪ್ರಕಟವಾಯಿತು. ಮಾಲೀಕರು ತಕರಾರು ಹಾಕಿದರು. ಅಹವಾಲು ಕೇಳಲು ಕೂತವರು ಸಾರಿಗೆ ಇಲಾಖೆ ನೋಡಿಕೊಳ್ಳುತ್ತಿದ್ದ ಸರ್ಕಾರದ ಕಾರ್ಯದರ್ಶಿ. ಅವರು ಎಲ್ಲ ಕೇಳಿಸಿಕೊಂಡು ಟಿಪ್ಪಣಿ ಬರೆದು ಫೈಲು ಮೇಲೆ ಕಳಿಸಿದರು. ಸಾರಿಗೆ ಖಾತೆ ಮುಖ್ಯಮಂತ್ರಿ ನೀಲಂ ಸಂಜೀವ ರೆಡ್ಡಿಯವರ ಕೈಲಿತ್ತು. ಅವರು ಫೈಲು ನೋಡಿ ಒಪ್ಪಿಗೆ ಕೊಟ್ಟರು. 1958ರ ಜನವರಿಯಲ್ಲಿ ಆದೇಶ ಹೊರಬಿತ್ತು. ಅದೇ ತಿಂಗಳು ಆಂಧ್ರ ಪ್ರದೇಶ ರಸ್ತೆ ಸಾರಿಗೆ ನಿಗಮ ಹುಟ್ಟಿತು.

ನಮ್ಮ ಸರ್ಕಾರಗಳು ನಡೆಯುವುದೇ ಹೀಗೆ ಅಲ್ವಾ? ಕೆಳಗಿನವರು ಕೇಳಿ ಬರೆಯುತ್ತಾರೆ, ಮೇಲಿನವರು ಸಹಿ ಹಾಕುತ್ತಾರೆ. ಇದರಲ್ಲಿ ತಪ್ಪೇನಿದೆ ಅಂತ ಸರ್ಕಾರದ ವಕೀಲರು ಕೇಳಿದ್ದು ಸಹಜವೇ.

ಸುಪ್ರೀಂ ಕೋರ್ಟಿನ ಐವರು ನ್ಯಾಯಮೂರ್ತಿಗಳು 1958ರ ನವೆಂಬರ್‌ನಲ್ಲಿ ಮೂರಕ್ಕೆ ಎರಡರಂತೆ ಬೇರೆಬೇರೆಯಾದರು. ಬಹುಮತದ ತೀರ್ಪು ಬರೆದವರು ಕೆ. ಸುಬ್ಬರಾವ್. ಅವರು ಅದಕ್ಕೆ ಮೊದಲು ಆಂಧ್ರ ಹೈಕೋರ್ಟಿನ ಮುಖ್ಯ ನ್ಯಾಯಮೂರ್ತಿಯಾಗಿದ್ದವರು, ದೆಹಲಿಗೆ ಹೋಗಿ ಒಂದು ವರ್ಷವೂ ಆಗಿರಲಿಲ್ಲ. ಬಸ್ಸುಗಳನ್ನು ಸರ್ಕಾರ ತೆಗೆದುಕೊಳ್ಳುವುದೇ ಸಂವಿಧಾನಕ್ಕೆ ವಿರುದ್ಧ ಅನ್ನುವ ವಾದವನ್ನು ಅವರು ಒಪ್ಪಲಿಲ್ಲ. ಆದರೆ ತೆಗೆದುಕೊಂಡ ರೀತಿಯಲ್ಲಿ ಎರಡು ದೋಷ ಕಂಡರು.

ಒಂದು, ಯೋಜನೆ ಮುಂದಿಟ್ಟದ್ದು ಸಾರಿಗೆ ಇಲಾಖೆ. ಅದರ ಮೇಲಿನ ತಕರಾರು ಕೇಳಿದ್ದು ಅದೇ ಇಲಾಖೆಯ ಮುಖ್ಯಸ್ಥ. ಜಗಳದಲ್ಲಿ ಒಂದು ಕಡೆಯವನೇ ಪಂಚಾಯ್ತಿ ಕಟ್ಟೆ ಹತ್ತಿದ ಹಾಗಾಯಿತು. ಎರಡನೆಯದು ಇಂದಿಗೂ ವಕೀಲರು ಬಾಯಿಪಾಠ ಹೇಳುವ ಮಾತು. ಒಬ್ಬರು ಕೇಳಿ ಇನ್ನೊಬ್ಬರು ತೀರ್ಮಾನಿಸಿದರೆ ಮುಖಾಮುಖಿ ಅಹವಾಲಿಗೆ ಅರ್ಥವೇ ಉಳಿಯುವುದಿಲ್ಲ. ಎದುರಿಗೆ ಕೂತಾಗ ತೀರ್ಮಾನಿಸುವವನು ತನ್ನ ಅನುಮಾನ ಕೇಳಿ ಬಗೆಹರಿಸಿಕೊಳ್ಳಬಹುದು. ವಾದಿಸುವವನು ಅವನ ಮುಖ ನೋಡಿ, ಎಲ್ಲಿ ಮನವರಿಕೆ ಆಗಿಲ್ಲವೋ ಅಲ್ಲಿ ಇನ್ನೆರಡು ಮಾತು ಸೇರಿಸಬಹುದು. ಟಿಪ್ಪಣಿಯಲ್ಲಿ ಇದು ಬರುವುದಿಲ್ಲ.

ಭಿನ್ನ ತೀರ್ಪು ಬರೆದ ಇಬ್ಬರನ್ನು ಹಗುರವಾಗಿ ಕಾಣಬಾರದು. ಅವರ ಪ್ರಕಾರ ಇದು ಕೋರ್ಟಿನ ಕೆಲಸದಂಥದ್ದಲ್ಲ, ಆಡಳಿತದ ಕೆಲಸ. ಸರ್ಕಾರ ಎಂಬುದು ಒಬ್ಬ ಮನುಷ್ಯನಲ್ಲ. ಅದು ಕೇಳುವುದೂ ಕಾರ್ಯನಿರ್ವಹಣಾ ನಿಯಮಗಳ ಮೂಲಕವೇ, ತೀರ್ಮಾನಿಸುವುದೂ ಹಾಗೆಯೇ. ವಿಧಾನಸೌಧದ ಕಾರಿಡಾರು ಕಂಡವರಿಗೆ ಈ ಮಾತಿನಲ್ಲಿ ಹುರುಳಿದೆ ಅನಿಸದೆ ಇರದು. ಆದರೂ ನಾನು ಸುಬ್ಬರಾವ್ ಪಕ್ಷವೇ. ಎಸಿ ವಾದ ಕೇಳಿ "ಆದೇಶಕ್ಕೆ ಇಟ್ಟಿದೆ" ಅಂತ ಬರೆಸುತ್ತಾರೆ. ಅಷ್ಟರಲ್ಲಿ ವರ್ಗಾವಣೆ. ಹೊಸಬರು ಬಂದು, ಯಾರ ಮುಖವನ್ನೂ ನೋಡದೆ, ಆ ಫೈಲಿಗೆ ಆದೇಶ ಬರೆಯುತ್ತಾರೆ. ಇಂಥ ಆದೇಶವನ್ನು ಕೈಲಿ ಹಿಡಿದವರಿಗೆ ಸುಬ್ಬರಾವ್ ಹೇಳಿದ್ದು ಬಿಡಿಸಿ ಹೇಳಬೇಕಿಲ್ಲ.

ವಾಪಸ್ ಹೋದದ್ದು ಏನು?

ಇಲ್ಲಿ ಸ್ವಲ್ಪ ನಿಲ್ಲಬೇಕು, ಯಾಕೆಂದರೆ ಜನ ಎಡವುವುದು ಇಲ್ಲೇ. ಕೋರ್ಟು ಮುರಿದದ್ದು ಒಪ್ಪಿಗೆಯ ಆದೇಶವನ್ನು. ಯೋಜನೆಯ ಪ್ರಸ್ತಾವ ಹಾಗೇ ಉಳಿಯಿತು. ಮಾಲೀಕರ ತಕರಾರುಗಳೂ ಉಳಿದವು. ದಾರಿಯಲ್ಲಿ ಒಂದು ಮೆಟ್ಟಿಲು ಮುರಿದಿತ್ತು. ಆ ಮೆಟ್ಟಿಲು ಸರಿ ಮಾಡಿಕೊಂಡು ಮುಂದೆ ಹೋಗಲು ಸರ್ಕಾರಕ್ಕೆ ಅಡ್ಡಿ ಇರಲಿಲ್ಲ.

ಮರುವಿಚಾರಣೆ ಅಂದರೆ ಯಾವಾಗಲೂ ಮೊದಲಿಂದ ಶುರು ಅಂತಲ್ಲ. ಯಾವ ಹಂತದಲ್ಲಿ ತಪ್ಪಾಯಿತೋ ಆ ಹಂತದಿಂದ. ಇದನ್ನು ತುಂಬ ಸ್ಪಷ್ಟವಾಗಿ ಹೇಳಿದ್ದು 1993ರ ಇಸಿಐಎಲ್ ಎಂಬ ಸರ್ಕಾರಿ ಕಂಪನಿಯ ಪ್ರಕರಣ, ಅದೂ ಹೈದರಾಬಾದಿನದೇ. ಇಲಾಖಾ ವಿಚಾರಣೆ ನಡೆಸಿದ ಅಧಿಕಾರಿಯ ವರದಿಯ ಪ್ರತಿಯನ್ನು ನೌಕರನಿಗೆ ಕೊಡದೆ ಅವನನ್ನು ವಜಾ ಮಾಡಿದರೆ ಏನು ಮಾಡಬೇಕು ಅನ್ನುವ ಪ್ರಶ್ನೆ. ಸುಪ್ರೀಂ ಕೋರ್ಟಿನ ಸಂವಿಧಾನ ಪೀಠದ ಬಹುಮತ ಹೀಗೆ ಹೇಳಿತು: ವರದಿ ಕೊಡಲಿಲ್ಲ ಎಂದ ಮಾತ್ರಕ್ಕೆ ಆದೇಶ ಬೀಳಿಸಬೇಡಿ. ಕೋರ್ಟಿನಲ್ಲೇ ವರದಿ ಕೊಡಿಸಿ, ಅದು ಸಿಗದೆ ಇದ್ದದ್ದರಿಂದ ನಿಜಕ್ಕೂ ನಷ್ಟವಾಯಿತೇ ಅಂತ ಕೇಳಿ. ನಷ್ಟವಾಗಿದ್ದರೆ ಮಾತ್ರ ಆದೇಶ ರದ್ದು. ಆಮೇಲೆ ನೌಕರನನ್ನು ಕೆಲಸಕ್ಕೆ ಮರಳಿ ತೆಗೆದುಕೊಂಡು, ಬೇಕಿದ್ದರೆ ಅಮಾನತಿನಲ್ಲಿಟ್ಟು, ವರದಿ ಕೊಡುವ ಹಂತದಿಂದ ವಿಚಾರಣೆ ಮುಂದುವರಿಸಬಹುದು. ಹಿಂಬಾಕಿ ಸಂಬಳದ ಲೆಕ್ಕ ಎಲ್ಲ ಮುಗಿದ ಮೇಲೆ.

ಕಚೇರಿಯ ದೃಷ್ಟಿಯಿಂದ ಇದು ಒಳ್ಳೆಯ ವ್ಯವಸ್ಥೆ. ನೌಕರನ ಮನೆಯಲ್ಲಿ ಕೂತು ನೋಡಿದರೆ ಬೇರೆ ಥರ ಕಾಣುತ್ತದೆ. "ಗೆದ್ದು" ಬಂದವನು ಮತ್ತೆ ಅಮಾನತಿನಲ್ಲಿ, ಸಂಬಳದ ಬದಲು ಜೀವನಾಧಾರ ಭತ್ಯೆ ಎಣಿಸುತ್ತ ಕೂರಬೇಕು.

ನಮ್ಮ ಕರ್ನಾಟಕದಲ್ಲಿ ವಾಪಸ್ ಹೋಗುವುದರ ಸಂಕಟವನ್ನು ತುಂಬ ಉಂಡವರು ಫಾರಂ 7 ಹಾಕಿದ ಗೇಣಿದಾರರು ಮತ್ತು ಅವರ ಎದುರುದಾರರು. 1974ರ ಮಾರ್ಚ್ 1ರಿಂದ ಗೇಣಿ ಜಮೀನು ಸರ್ಕಾರಕ್ಕೆ ಸೇರಿ, ಉಳುವವರು ಭೂನ್ಯಾಯ ಮಂಡಳಿಯ ಮುಂದೆ ಹಕ್ಕು ಕೇಳಬೇಕಾಯಿತು. ಮಂಡಳಿಗಳು ಎಷ್ಟೋ ಸಲ ಸಾಕ್ಷಿ ಹೇಳಿಕೆ ಸರಿಯಾಗಿ ಬರೆದುಕೊಳ್ಳದೆ, ಕಾರಣ ಕೊಡದೆ, ನಾಲ್ಕು ಸಾಲಿನಲ್ಲಿ ಆದೇಶ ಮುಗಿಸಿದವು. ಹೈಕೋರ್ಟು ರದ್ದು ಮಾಡಿ ವಾಪಸ್ ಕಳಿಸಿತು. ಕೆಲವು ಎರಡು ಮೂರು ಸಲ ಹೋಗಿ ಬಂದವು. ಪ್ರತಿ ಸಲ ಹೋದಾಗಲೂ ಮಂಡಳಿಯ ಸದಸ್ಯರು ಬದಲಾಗಿರುತ್ತಿದ್ದರು. ಗದ್ದೆ ಯಾರು ಉಳುತ್ತಿದ್ದರು ಅಂತ ಕಣ್ಣಾರೆ ಕಂಡ ಅಜ್ಜ ತೀರಿಕೊಂಡಿರುತ್ತಿದ್ದ. ಕಾಗದದಲ್ಲಿ ವಿಚಾರಣೆ ಮೊದಲಿಗಿಂತ ಚೆನ್ನಾಗಿ ನಡೆಯುತ್ತಿತ್ತು, ವಿಚಾರಿಸಲು ಉಳಿದದ್ದು ಮಾತ್ರ ಕಡಿಮೆಯಾಗುತ್ತಿತ್ತು. ಗುಲ್ಲಪಲ್ಲಿಯಲ್ಲಿ ಈ ತೊಂದರೆ ಇರಲಿಲ್ಲ. ಕೆಲವೇ ವಾರಗಳಲ್ಲಿ ಎಲ್ಲ ಮುಗಿಯಿತು. ಅಲ್ಲಿದ್ದ ತೊಂದರೆ ಬೇರೆ.

ಎರಡನೇ ವಿಚಾರಣೆ

ಕೋರ್ಟು ಹೇಳಿದ ಪಾಠವನ್ನು ಸರ್ಕಾರ ಅಕ್ಷರಶಃ ಕಲಿಯಿತು. ಕೇಳುವವನೇ ತೀರ್ಮಾನಿಸಬೇಕು ತಾನೇ? ಸರಿ, ಮುಖ್ಯಮಂತ್ರಿಯೇ ಕೂತರು. ಮೊದಲೇ ಹಾಕಿದ್ದ ತಕರಾರುಗಳ ಮೇಲೆ ಮಾಲೀಕರ ಕಡೆಯವರ ವಾದವನ್ನು ತಾವೇ ಕೇಳಿದರು. ಕೇಳಿ, ತಕರಾರು ತಳ್ಳಿಹಾಕಿ, ಯೋಜನೆಗೆ ಮತ್ತೆ ಒಪ್ಪಿಗೆ ಕೊಟ್ಟರು.

ಮಾಲೀಕರು ಮತ್ತೆ ದೆಹಲಿಗೆ ಹೋದರು. ಈಗ ಅವರ ದೂರು ಇಷ್ಟು: ಕಾರ್ಯದರ್ಶಿ ಇಲಾಖೆಯವನು, ಅವನು ಕೇಳಬಾರದು ಅಂದಿರಿ. ಆ ಇಲಾಖೆಯ ಮಂತ್ರಿ ಕೇಳಬಹುದೇ? ಅದೂ ಇದೇ ಯೋಜನೆಗೆ ಒಂದು ಸಲ ಸಹಿ ಹಾಕಿದವರು? ಅವರ ಮನಸ್ಸು ಮೊದಲೇ ಗಟ್ಟಿಯಾಗಿತ್ತು.

1959ರಲ್ಲಿ ಕೋರ್ಟು ಒಪ್ಪಲಿಲ್ಲ. ಕಾರ್ಯದರ್ಶಿ ಇಲಾಖೆಯ ಅಂಗ. ಮಂತ್ರಿ ಹಾಗಲ್ಲ, ಆ ಇಲಾಖೆಯ ಕೆಲಸಕ್ಕೆ ಮುಖ್ಯವಾಗಿ ಜವಾಬ್ದಾರರಾದವರು, ಅಷ್ಟೇ ಎಂದಿತು. ಮೇಲಾಗಿ ತಕರಾರು ಕೇಳಿ ಯೋಜನೆ ಒಪ್ಪುವ ಅಧಿಕಾರವನ್ನು ರಾಜ್ಯ ಸರ್ಕಾರಕ್ಕೆ ಕೊಟ್ಟದ್ದು ಕಾಯ್ದೆಯೇ. ಸರ್ಕಾರದ ಪರವಾಗಿ ಕೂರುವ ವ್ಯಕ್ತಿಗೆ ಸ್ವಂತ ಲಾಭವೋ ದ್ವೇಷವೋ ಇದ್ದರೆ ಮಾತು ಬೇರೆ. ಅಂಥದ್ದು ಇಲ್ಲಿ ಸಾಬೀತಾಗಿಲ್ಲ.

ಈ ಜಾಗದಲ್ಲಿ ನನಗೆ ಪ್ರತಿ ಸಲವೂ ಇರಿಸುಮುರಿಸಾಗುತ್ತದೆ. ಕಾರ್ಯದರ್ಶಿಗೂ ಮಂತ್ರಿಗೂ ನಡುವೆ ಎಳೆದ ಗೆರೆ ಕೂದಲಿನಷ್ಟು ತೆಳ್ಳಗಿದೆ. ಬಸ್ಸುಗಳನ್ನು ತೆಗೆದುಕೊಳ್ಳಬೇಕು ಅನ್ನುವ ನೀತಿ ಕಾರ್ಯದರ್ಶಿಗಿಂತ ಮಂತ್ರಿಗೆ ಜಾಸ್ತಿ ಹತ್ತಿರದ್ದು ತಾನೇ? ಇಷ್ಟಾದರೂ ಕೋರ್ಟು ಬೇರೇನು ಮಾಡಬಹುದಿತ್ತು ಅಂತ ಕೇಳಿಕೊಂಡರೆ ಉತ್ತರ ಸುಲಭವಿಲ್ಲ. ಕಾಯ್ದೆ ಸರ್ಕಾರವೇ ಕೇಳಲಿ ಎಂದಿದೆ. ಬೇರೆ ಯಾರನ್ನೋ ಕೂರಿಸಲು ಬರುವುದಿಲ್ಲ. ಖಾತೆ ಬೇರೆಯವರಿಗೆ ಬದಲಾಯಿಸಿ, ಹಿಂದೆ ಸಹಿ ಹಾಕದ ಮಂತ್ರಿಯೊಬ್ಬರು ಕೇಳಬಹುದಿತ್ತು, ನಿಜ. ಆದರೆ ಮುಖ್ಯಮಂತ್ರಿಯ ಸಂಪುಟದಲ್ಲಿ ಮುಖ್ಯಮಂತ್ರಿಯ ಆದೇಶ ತಿರುಗಿಸುವ ಮಂತ್ರಿಯನ್ನು ಎಲ್ಲಿಂದ ತರುವುದು?

ಹಾಗಾದರೆ ಮೊದಲ ಗೆಲುವಿನಿಂದ ಮಾಲೀಕರಿಗೆ ಸಿಕ್ಕಿದ್ದೇನು? ಫಲಿತಾಂಶ ನೋಡಿದರೆ ಏನೂ ಇಲ್ಲ. ಆದರೆ ಒಂದು ಸಣ್ಣ ಬದಲಾವಣೆ ಗಟ್ಟಿಯಾಗಿ ನಿಂತಿತು. ರಾಜ್ಯದ ಅತಿ ದೊಡ್ಡ ಕುರ್ಚಿಯಲ್ಲಿ ಕೂತವರು ಬಸ್ ಮಾಲೀಕರ ಎದುರು ಕೂತು ಕೇಳಬೇಕಾಯಿತು. ಇದು ಪಕ್ಕದ ರಾಜ್ಯಕ್ಕೂ ಬಂತು. ಮೈಸೂರು ರಾಜ್ಯದಲ್ಲಿ ಆನೇಕಲ್ ಕಡೆಯ ಮಾರ್ಗಗಳನ್ನು ಸರ್ಕಾರಿ ಸಾರಿಗೆ ಇಲಾಖೆ ತೆಗೆದುಕೊಳ್ಳಲು ಹೊರಟಾಗ ತಕರಾರು ಕೇಳಿದವರು ಸ್ವತಃ ಮುಖ್ಯಮಂತ್ರಿಯೇ. ಅಲ್ಲಿಯ ಮಾಲೀಕರೂ ಸುಪ್ರೀಂ ಕೋರ್ಟಿಗೆ ಹೋದರು. 1960ರಲ್ಲಿ ಸೋತರು. ಇಂದು ಅತ್ತಿಬೆಲೆ, ಆನೇಕಲ್ ಕಡೆ ಸರ್ಕಾರಿ ಬಸ್ಸು ಹತ್ತುವವರಿಗೆ ಇದರ ನೆನಪಿಲ್ಲ, ಇರಬೇಕಾಗಿಯೂ ಇಲ್ಲ.

ಗಟ್ಟಿಯಾದ ಮನಸ್ಸು

ಗುಲ್ಲಪಲ್ಲಿಯ ಮೊದಲ ಆದೇಶ ಹೊರಬಿದ್ದ ಅದೇ 1958ರಲ್ಲಿ, ಇಂಗ್ಲೆಂಡಿನ ಬ್ರೈಟನ್ ಊರಿನಲ್ಲಿ ಇದರ ಅಣ್ಣತಮ್ಮನಂಥ ಪ್ರಕರಣ ಶುರುವಾಯಿತು. ಊರಿನ ಪೊಲೀಸ್ ಮುಖ್ಯಸ್ಥ ರಿಡ್ಜ್ ಅವರನ್ನು ಅಲ್ಲಿಯ ಪೊಲೀಸ್ ಸಮಿತಿ ಮಾರ್ಚ್ 7ರಂದು ವಜಾ ಮಾಡಿತು, ಅವರನ್ನು ಕರೆಯಲೂ ಇಲ್ಲ, ಕೇಳಲೂ ಇಲ್ಲ. ಗಲಾಟೆಯಾದ ಮೇಲೆ ಮಾರ್ಚ್ 18ರಂದು ಮತ್ತೆ ಸೇರಿ ಅವರ ವಕೀಲರ ಮಾತು ಕೇಳಿತು. ಕೇಳಿ, ನಮ್ಮ ಹಿಂದಿನ ತೀರ್ಮಾನವೇ ಸರಿ ಎಂದಿತು. 1963ರಲ್ಲಿ, ಆಗ ಅಲ್ಲಿಯ ಅತಿ ಮೇಲಿನ ಕೋರ್ಟಾಗಿದ್ದ ಹೌಸ್ ಆಫ್ ಲಾರ್ಡ್ಸ್ ಇದನ್ನು ಒಪ್ಪಲಿಲ್ಲ. ಆತುರಪಟ್ಟೆವು ಅಂತ ಗೊತ್ತಾಗಿ, ಸರಿಯಾದ ಅವಕಾಶ ಕೊಟ್ಟು, ಇಡೀ ವಿಷಯವನ್ನು ಹೊಸದಾಗಿ ಯೋಚಿಸಿದ್ದರೆ ಎರಡನೇ ತೀರ್ಮಾನ ನಿಲ್ಲುತ್ತಿತ್ತು ಎಂದರು ಅಲ್ಲಿಯ ನ್ಯಾಯಮೂರ್ತಿ ಲಾರ್ಡ್ ರೀಡ್. ಆದರೆ ಮಾರ್ಚ್ 18ರ ಸಭೆ ಅಂಥದ್ದಾಗಿರಲಿಲ್ಲ. ಆರೋಪ ಏನು ಅಂತ ಆಗಲೂ ಬಿಡಿಸಿ ಹೇಳಿರಲಿಲ್ಲ.

ನಮ್ಮ ಸುಪ್ರೀಂ ಕೋರ್ಟೇ 1987ರಲ್ಲಿ ಈ ಅನುಮಾನವನ್ನು ಬಾಯಿಬಿಟ್ಟು ಹೇಳಿತು. ಮೂರು ಖಾಸಗಿ ಬ್ಯಾಂಕುಗಳನ್ನು ದೊಡ್ಡ ಬ್ಯಾಂಕುಗಳಲ್ಲಿ ವಿಲೀನ ಮಾಡುವಾಗ ಕೆಲವು ನೌಕರರನ್ನು ಕೇಳದೆಯೇ ಹೊರಗಿಟ್ಟಿದ್ದರು. ಅದರಲ್ಲೊಂದು, ಲಕ್ಷ್ಮಿ ಕಮರ್ಷಿಯಲ್ ಬ್ಯಾಂಕ್, ಸೇರಿದ್ದು ನಮ್ಮ ಕೆನರಾ ಬ್ಯಾಂಕಿಗೆ. ಹೊರಗಿಟ್ಟ ಮೇಲೆ ಮನವಿ ಕೊಡಲಿ, ಕೇಳೋಣ ಅಂದರೆ ಸಾಲದು ಎಂದಿತು ಕೋರ್ಟು. ಒಮ್ಮೆ ತೀರ್ಮಾನ ಮಾಡಿದವರಿಗೆ ಅದನ್ನೇ ಉಳಿಸಿಕೊಳ್ಳುವ ಒಲವು ಇರುತ್ತದೆ, ಆಮೇಲೆ ಕೊಟ್ಟ ಮನವಿಯಿಂದ ಹೆಚ್ಚೇನೂ ಆಗುವುದಿಲ್ಲ ಅನ್ನುವುದು ಅವರ ಕಾರಣ. ಈ ಮಾತನ್ನು 1959ರ ತೀರ್ಪಿನ ಪಕ್ಕ ಇಟ್ಟು ನೋಡಿ. ಮುಖ್ಯಮಂತ್ರಿ ಎರಡನೇ ಸಲ ಕೂತಾಗ ಇದೇ ಒಲವು ಇರಲಿಲ್ಲವೇ?

ಹಾಗಾಗಿ ವಾಪಸ್ ಬಂದ ಫೈಲಿನಲ್ಲಿ ನಾನು ಮೊದಲು ನೋಡುವುದು ಹೊಸ ಆದೇಶದ ಕಾರಣಗಳನ್ನು. ಫಲಿತಾಂಶ ಅದೇ ಇರಬಹುದು, ಅದರಿಂದಲೇ ಅನ್ಯಾಯ ಆಯಿತು ಅನ್ನುವ ಹಾಗಿಲ್ಲ. ಆದರೆ ಎರಡನೇ ಸಲ ಹೇಳಿದ ವಾದಕ್ಕೆ ಒಂದು ಸಾಲಾದರೂ ಉತ್ತರ ಇದೆಯೇ? ಅಥವಾ ಹಳೇ ಆದೇಶದ ಪ್ಯಾರಾಗಳೇ ದಿನಾಂಕ ಬದಲಿಸಿಕೊಂಡು ಬಂದಿವೆಯೇ? ಕಂಪ್ಯೂಟರು ಬಂದ ಮೇಲೆ ಈ ಎರಡನೆಯದು ಜಾಸ್ತಿ. ಹಳೆಯ ತಪ್ಪು ಕಾಗುಣಿತವೂ ಹಾಗೇ ಬಂದಿರುತ್ತದೆ, ಪತ್ತೆ ಹಚ್ಚುವುದು ಸುಲಭ. ಅದೇ ಅಧಿಕಾರಿಯ ಮುಂದೆ ಹೋಗುವುದು ಬೇಡ ಅನಿಸಿದರೆ ರಿಮ್ಯಾಂಡ್ ಕೇಳುವಾಗಲೇ ಬೇರೆಯವರು ಕೇಳಲಿ ಅಂತ ಅರ್ಜಿಯಲ್ಲಿ ಬರೆಯಬೇಕು. ಆಮೇಲೆ ಹೇಳಿದರೆ, ಮೊದಲೇ ಯಾಕೆ ಹೇಳಲಿಲ್ಲ ಅಂತ ಕೇಳುತ್ತಾರೆ.

ಕರ್ನೂಲು

ಕಥೆಗೆ ಇನ್ನೊಂದು ಬಾಲ ಇದೆ. 1962ರಲ್ಲಿ ಸಂಜೀವ ರೆಡ್ಡಿ ಮತ್ತೆ ಮುಖ್ಯಮಂತ್ರಿಯಾದರು. ಯಾವ ಜಿಲ್ಲೆಯ ಬಸ್ಸುಗಳನ್ನು ಯಾವ ಕ್ರಮದಲ್ಲಿ ತೆಗೆದುಕೊಳ್ಳಬೇಕು ಅಂತ ಮೊದಲೇ ಬಂದಿದ್ದ ಒಂದು ವರದಿ ಸರದಿ ಹಾಕಿಕೊಟ್ಟಿತ್ತು. ನಿಗಮ ಅದೇ ಸರದಿಯಲ್ಲಿ ಹೋಗುವುದು ಬಿಟ್ಟು, ಹಿಂದೆ ಇದ್ದ ಕರ್ನೂಲು ಜಿಲ್ಲೆಯ ಪಶ್ಚಿಮ ಭಾಗವನ್ನು ಇದ್ದಕ್ಕಿದ್ದಂತೆ ಮುಂದಕ್ಕೆ ತಂದಿತು. ಅಲ್ಲಿಯ ಬಸ್ ಮಾಲೀಕರು ಮುಖ್ಯಮಂತ್ರಿಯ ರಾಜಕೀಯ ಎದುರಾಳಿಗಳು, ಅವರನ್ನು ಮುಗಿಸಲೆಂದೇ ಒತ್ತಡ ಹಾಕಿ ಸರದಿ ಬದಲಿಸಿದರು ಅನ್ನುವುದು ದೂರು.

ಈ ಸಲ ತಕರಾರು ಕೇಳಿದ ಕ್ರಮದಲ್ಲಿ ಹುಳುಕು ಹುಡುಕಿ ಗೆದ್ದದ್ದಲ್ಲ. 1959ರಲ್ಲಿ ತೆರೆದಿಟ್ಟಿದ್ದ ಆ ಒಂದು ಕಿಟಕಿ ಇತ್ತಲ್ಲ, ವ್ಯಕ್ತಿಯ ಸ್ವಂತ ದ್ವೇಷ, ಅದೇ ಪ್ರಶ್ನೆ. ಮಾಲೀಕರು ಆರೋಪಗಳನ್ನು ಪ್ರಮಾಣಪತ್ರದಲ್ಲಿ ಒಂದೊಂದಾಗಿ ಬರೆದುಕೊಟ್ಟರು. ಉತ್ತರವಾಗಿ ಬೇರೆಯವರು ಪ್ರಮಾಣಪತ್ರ ಹಾಕಿದರು. ಮುಖ್ಯಮಂತ್ರಿ ಹಾಕಲಿಲ್ಲ. ಅವರ ಮನಸ್ಸಿನಲ್ಲಿ ಏನಿತ್ತು ಅಂತ ಬೇರೆಯವರು ಹೇಗೆ ಹೇಳುತ್ತಾರೆ? ಅಲ್ಲಗಳೆಯದ ಆರೋಪವನ್ನು ನಿಜವೆಂದೇ ತೆಗೆದುಕೊಳ್ಳಬೇಕು ಎಂದಿತು ಸುಪ್ರೀಂ ಕೋರ್ಟು, 1964ರ ಜನವರಿಯಲ್ಲಿ. ಯೋಜನೆ ಬಿದ್ದುಹೋಯಿತು.

ಫೆಬ್ರವರಿ ಮುಗಿಯುವಷ್ಟರಲ್ಲಿ ಸಂಜೀವ ರೆಡ್ಡಿ ರಾಜೀನಾಮೆ ಕೊಟ್ಟರು. ಮುಂದೆ ಲೋಕಸಭೆಯ ಸ್ಪೀಕರ್ ಆದರು, 1969ರಲ್ಲಿ ರಾಷ್ಟ್ರಪತಿ ಚುನಾವಣೆಗೆ ನಿಂತು ವಿ.ವಿ. ಗಿರಿಯವರ ಎದುರು ಸೋತರು, 1977ರಲ್ಲಿ ಅವಿರೋಧವಾಗಿ ರಾಷ್ಟ್ರಪತಿಯಾದರು. ಸುಬ್ಬರಾವ್ ಕೂಡ 1967ರಲ್ಲಿ ಮುಖ್ಯ ನ್ಯಾಯಮೂರ್ತಿ ಕುರ್ಚಿ ಬಿಟ್ಟು ಅದೇ ರಾಷ್ಟ್ರಪತಿ ಹುದ್ದೆಗೆ ನಿಂತಿದ್ದರು, ಜಾಕಿರ್ ಹುಸೇನ್ ಎದುರು ಸೋತರು. ಕೃಷ್ಣಾ ಜಿಲ್ಲೆಯ ಒಂದೇ ಫೈಲಿನಲ್ಲಿ ಇಬ್ಬರ ಸಹಿಯೂ ಇತ್ತು ಅನ್ನುವುದು ನನಗಂತೂ ಯಾವಾಗಲೂ ತಮಾಷೆಯಾಗಿ ಕಾಣುತ್ತದೆ.